ರೋಗಿಯನ್ನು ನೋಡುವ ವಿದ್ಯೆ



ಮಂಗಳೂರಿನಿಂದಲೋ ಹುಬ್ಬಳ್ಳಿಯಿಂದಲೋ ಒಬ್ಬ ರೋಗಿಯನ್ನು ಝೀರೋ ಟ್ರಾಫಿಕ್‌ನಲ್ಲಿ ಬೆಂಗಳೂರಿಗೆ ಕರೆತಂದ ಸುದ್ದಿ ಬಂದಾಗ ಇಡೀ ನಾಡು ಅದನ್ನು ಆತಂಕದಿಂದ ಹಿಂಬಾಲಿಸುತ್ತದೆ. ಪೊಲೀಸರು ದಾರಿಯುದ್ದಕ್ಕೂ ವಾಹನಗಳನ್ನು ತಡೆದು ನಿಲ್ಲಿಸುತ್ತಾರೆ, ಊರೂರಿನ ಯುವಕರು ರಸ್ತೆಗಿಳಿದು ದಾರಿ ಬಿಡಿಸುತ್ತಾರೆ, ಆಂಬುಲೆನ್ಸ್ ಎಷ್ಟು ಗಂಟೆಯಲ್ಲಿ ತಲುಪಿತೆಂಬುದು ಮರುದಿನದ ಪತ್ರಿಕೆಯ ತಲೆಬರಹವಾಗುತ್ತದೆ. ಪರಿಚಯವೇ ಇಲ್ಲದ ಜೀವವೊಂದಕ್ಕಾಗಿ ಇಷ್ಟು ಜನ ಮಿಡಿಯುವುದು ದೊಡ್ಡ ಸಂಗತಿ. ಆದರೂ ಆ ತಲೆಬರಹಗಳಲ್ಲಿ ಒಂದು ಪ್ರಶ್ನೆ ಎಂದೂ ಕಾಣಿಸಿಕೊಳ್ಳುವುದಿಲ್ಲ: ಅಷ್ಟು ಹೊತ್ತು ವಾಹನದೊಳಗೆ ರೋಗಿಯ ಮಗ್ಗುಲಲ್ಲಿ ಕುಳಿತವರು ಏನನ್ನು ನೋಡುತ್ತಿದ್ದರು, ಯಾವುದರ ನಂತರ ಯಾವುದನ್ನು ನೋಡುತ್ತಿದ್ದರು, ಕಂಡದ್ದಕ್ಕೆ ಏನು ಮಾಡಿದರು? ಈ ಹೊತ್ತು ನಾನು ನಿಮ್ಮ ಮುಂದಿಡಬೇಕೆಂದಿರುವ ವಾದ ಈ ಪ್ರಶ್ನೆಯಿಂದಲೇ ಹುಟ್ಟಿದ್ದು. ತುರ್ತು ಚಿಕಿತ್ಸೆಯ ಬುನಾದಿ ಇರುವುದು ರೋಗಿಯನ್ನು ಒಂದು ಕ್ರಮದಲ್ಲಿ ನೋಡಿ, ಅವರ ಸ್ಥಿತಿಯನ್ನು ಅಳೆದು, ಮತ್ತೆ ಮತ್ತೆ ಅಳೆಯುತ್ತಲೇ ಇರುವ ವಿದ್ಯೆಯಲ್ಲಿ. ಇದನ್ನು ಕಲಿಸಬಹುದು. ವೈದ್ಯರಲ್ಲದವರಿಗೂ ಚೆನ್ನಾಗಿಯೇ ಕಲಿಸಬಹುದು. ವಾಹನ ಕೊಳ್ಳುವಾಗ, ಯಂತ್ರ ಕೊಳ್ಳುವಾಗ ನಾವು ತೋರುವ ಉತ್ಸಾಹವನ್ನು ಈ ವಿದ್ಯೆಯ ಕಲಿಕೆಗೂ ತೋರಿದರೆ ಈಗ ಕೈತಪ್ಪುತ್ತಿರುವ ಅನೇಕ ಜೀವಗಳು ಉಳಿಯುತ್ತವೆ.

ಆ ಕ್ರಮ ಯಾವುದೆಂದು ಮೊದಲು ತಿಳಿಯೋಣ. ಜಗತ್ತಿನೆಲ್ಲೆಡೆ ಅದನ್ನು ಎ, ಬಿ, ಸಿ, ಡಿ, ಇ ಎಂಬ ಐದು ಅಕ್ಷರಗಳಲ್ಲಿ ಕಲಿಸುತ್ತಾರೆ. ಅದರ ಹಿಂದಿರುವ ತತ್ವ ಸರಳವಾದದ್ದು: ಯಾವುದು ಬೇಗ ಪ್ರಾಣ ತೆಗೆಯುತ್ತದೋ ಅದನ್ನು ಮೊದಲು ನೋಡಬೇಕು, ಮೊದಲು ಸರಿಪಡಿಸಬೇಕು. ಜಾಗ ತಮಗೆ ಅಪಾಯಕಾರಿಯಲ್ಲವೆಂದು ಖಚಿತಪಡಿಸಿಕೊಂಡು, ರಕ್ತ ಚಿಮ್ಮುತ್ತಿದ್ದರೆ ಅದನ್ನು ಒತ್ತಿ ಹಿಡಿದು, ಆಮೇಲೆ ಉಸಿರಿನ ದಾರಿ ತೆರೆದಿದೆಯೇ ಎಂದು ನೋಡುವುದು ಮೊದಲ ಹೆಜ್ಜೆ. ಪ್ರಜ್ಞೆ ತಪ್ಪಿ ಅಂಗಾತ ಬಿದ್ದವರ ನಾಲಿಗೆ ಹಿಂದಕ್ಕೆ ಜಾರಿ ಗಂಟಲನ್ನು ಮುಚ್ಚಬಹುದು. ವಾಂತಿ, ರಕ್ತ, ಮುರಿದ ಹಲ್ಲು ಅಡ್ಡ ಬರಬಹುದು. ಆಮ್ಲಜನಕ ಸಿಗದೆ ನಾಲ್ಕೈದು ನಿಮಿಷ ಕಳೆದರೆ ಮಿದುಳಿಗೆ ಹಾನಿ ಶುರುವಾಗುತ್ತದೆ. ಹಾಗಾಗಿ ಕಾಲಿನ ಮುರಿತ ಎಷ್ಟು ಭೀಕರವಾಗಿ ಕಂಡರೂ ಅದು ಕಾಯಬೇಕು, ಗಂಟಲು ಕಾಯಲಾರದು. ಎರಡನೆಯದು ಉಸಿರಾಟ. ಎದೆಯ ಎರಡೂ ಬದಿ ಸಮನಾಗಿ ಏಳುತ್ತಿದೆಯೇ, ನಿಮಿಷಕ್ಕೆ ಎಷ್ಟು ಉಸಿರು, ರೋಗಿ ಒಂದು ಪೂರ್ತಿ ವಾಕ್ಯ ಹೇಳಬಲ್ಲರೇ ಅಥವಾ ಎರಡು ಮಾತಿಗೆ ಏದುಸಿರು ಬರುತ್ತಿದೆಯೇ ಎಂಬುದನ್ನು ಇಲ್ಲಿ ನೋಡುತ್ತಾರೆ. ಮೂರನೆಯದು ರಕ್ತದ ಓಟ, ನಾಲ್ಕನೆಯದು ಎಚ್ಚರದ ಮಟ್ಟ, ಐದನೆಯದು ಬಟ್ಟೆ ಸರಿಸಿ ಮೈಯೆಲ್ಲ ನೋಡಿ, ರೋಗಿಗೆ ಚಳಿಯಾಗದಂತೆ ಮತ್ತೆ ಹೊದಿಸುವುದು. ಒಂದು ಹೆಜ್ಜೆಯಲ್ಲಿ ಕಂಡ ಅಪಾಯಕ್ಕೆ ಅಲ್ಲೇ ಪರಿಹಾರ ಮಾಡದೆ ಮುಂದಿನ ಹೆಜ್ಜೆಗೆ ಹೋಗುವಂತಿಲ್ಲ.

ಹೀಗೆ ಹೇಳಿದಾಗ ಸುಲಭವೆನಿಸುವ ಈ ಕ್ರಮದ ಒಳಗೆ ಎಷ್ಟು ಸೂಕ್ಷ್ಮ ಅಡಗಿದೆ ಎಂಬುದಕ್ಕೆ ರಕ್ತದ ಓಟವೊಂದನ್ನೇ ತೆಗೆದುಕೊಳ್ಳಿ. ಬಿ.ಪಿ. ಸರಿಯಿದೆ, ಭಯವಿಲ್ಲ ಎಂದು ನಮ್ಮಲ್ಲಿ ಧೈರ್ಯ ಹೇಳುವುದುಂಟು. ವಯಸ್ಕರ ಮೈಯಲ್ಲಿ ಸುಮಾರು ಐದು ಲೀಟರ್ ರಕ್ತವಿರುತ್ತದೆ. ಆರೋಗ್ಯವಂತ ಯುವಕನೊಬ್ಬ ಅದರಲ್ಲಿ ಒಂದು ಲೀಟರಿಗೂ ಹೆಚ್ಚು ಕಳೆದುಕೊಂಡರೂ ಅವನ ಬಿ.ಪಿ. ಬಹುಮಟ್ಟಿಗೆ ಮಾಮೂಲಿಯಾಗಿಯೇ ಇರಬಹುದು, ಏಕೆಂದರೆ ದೇಹ ರಕ್ತನಾಳಗಳನ್ನು ಬಿಗಿಗೊಳಿಸಿ, ಹೃದಯದ ಬಡಿತ ಏರಿಸಿ ಒತ್ತಡವನ್ನು ಹಿಡಿದಿಟ್ಟುಕೊಳ್ಳುತ್ತದೆ. ಅದು ಸೋತ ಮೇಲೆಯೇ ಅಂಕಿ ಕುಸಿಯುವುದು. ಅದಕ್ಕೂ ಮೊದಲು ಸುಳಿವು ಕೊಡುವುದು ಬೇರೆ ಲಕ್ಷಣಗಳು: ವೇಗವಾದ ನಾಡಿ, ತಣ್ಣಗಾಗಿ ಬೆವೆತ ಕೈಗಳು, ಬಿಳಿಚಿದ ಮುಖ, ಕಾರಣವಿಲ್ಲದ ಚಡಪಡಿಕೆ, ಏರುತ್ತಿರುವ ಉಸಿರು. ಉಸಿರಿನ ಎಣಿಕೆಯನ್ನಂತೂ ವೈದ್ಯಲೋಕವೇ ಕಡೆಗಣಿಸಿದೆ. ವಿಶ್ರಾಂತಿಯಲ್ಲಿರುವ ವಯಸ್ಕರು ನಿಮಿಷಕ್ಕೆ 12ರಿಂದ 20 ಸಲ ಉಸಿರಾಡುತ್ತಾರೆ. ಬ್ರಿಟನ್ನಿನ ರಾಯಲ್ ಕಾಲೇಜ್ ಆಫ್ ಫಿಸಿಷಿಯನ್ಸ್ ಸಂಸ್ಥೆ 2012ರಲ್ಲಿ ಜಾರಿಗೆ ತಂದ ಎಚ್ಚರಿಕೆಯ ಅಂಕಪಟ್ಟಿಯಲ್ಲಿ ಆ ಎಣಿಕೆ 25 ಮುಟ್ಟಿದರೆ ಅದೊಂದಕ್ಕೇ ಅತಿ ಹೆಚ್ಚಿನ 3 ಅಂಕ ಸಿಗುತ್ತದೆ. ಇದನ್ನು ಅಳೆಯಲು ಒಂದು ಗಡಿಯಾರ, ಒಂದು ನಿಮಿಷದ ತಾಳ್ಮೆ ಸಾಕು. ಆದರೂ ಎಣಿಸದೆಯೇ ಅಂದಾಜಿನ ಮೇಲೆ ಹದಿನೆಂಟೋ ಇಪ್ಪತ್ತೋ ಎಂದು ಬರೆದುಬಿಡುವ ಅಭ್ಯಾಸ ಹಲವು ದೇಶಗಳ ಆಸ್ಪತ್ರೆಗಳಲ್ಲಿದೆ.

ಈ ಕ್ರಮವನ್ನು ಕಡಿಮೆ ಓದಿದವರಿಗಾಗಿ ಮಾಡಿದ ಅಗ್ಗದ ಏರ್ಪಾಡೆಂದು ಯಾರೂ ಭಾವಿಸಬಾರದು. ಇದರ ಚರಿತ್ರೆ ಅದಕ್ಕೆ ತದ್ವಿರುದ್ಧವಾಗಿದೆ. 1976ರಲ್ಲಿ ಅಮೆರಿಕದ ನೆಬ್ರಾಸ್ಕಾ ರಾಜ್ಯದ ಹೊಲವೊಂದರಲ್ಲಿ ಜೇಮ್ಸ್ ಸ್ಟೈನರ್ ಎಂಬ ಮೂಳೆ ಶಸ್ತ್ರವೈದ್ಯರು ನಡೆಸುತ್ತಿದ್ದ ಸಣ್ಣ ವಿಮಾನ ಬಿತ್ತು. ಅವರ ಪತ್ನಿ ತೀರಿಕೊಂಡರು, ಮಕ್ಕಳಿಗೆ ಗಂಭೀರ ಗಾಯಗಳಾದವು. ಹತ್ತಿರದ ಸಣ್ಣ ಆಸ್ಪತ್ರೆಗೆ ಹೋದಾಗ ಅಲ್ಲಿದ್ದವರಿಗೆ ಇಂಥ ಗಾಯಾಳುಗಳನ್ನು ಎಲ್ಲಿಂದ ನೋಡಲು ತೊಡಗಬೇಕೆಂಬುದೇ ತಿಳಿದಿರಲಿಲ್ಲ. ಪದವಿ ಇತ್ತು, ಪುಸ್ತಕದ ಜ್ಞಾನ ಇತ್ತು, ಕ್ರಮ ಇರಲಿಲ್ಲ. ಆ ಕೊರತೆಯನ್ನು ತುಂಬಲು ಸ್ಟೈನರ್ ಮತ್ತು ಅವರ ಸಹೋದ್ಯೋಗಿಗಳು 1978ರಲ್ಲಿ ಒಂದು ತರಬೇತಿ ಆರಂಭಿಸಿದರು. 1980ರಲ್ಲಿ ಅಮೆರಿಕದ ಶಸ್ತ್ರವೈದ್ಯರ ಕಾಲೇಜು ಅದನ್ನು ತನ್ನದಾಗಿಸಿಕೊಂಡಿತು. ಇಂದು ಹತ್ತಾರು ದೇಶಗಳಲ್ಲಿ ತಜ್ಞ ವೈದ್ಯರೇ ಕುಳಿತು ಕಲಿಯುವ ಎಟಿಎಲ್‌ಎಸ್ ತರಬೇತಿ ಅದೇ. ಆ ವಿಮಾನ ಅಪಘಾತಕ್ಕೂ ಎರಡು ವರ್ಷ ಮೊದಲು, 1974ರಲ್ಲಿ, ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದ ಗ್ರಹಾಂ ಟೀಸ್‌ಡೇಲ್ ಮತ್ತು ಬ್ರಯಾನ್ ಜೆನೆಟ್ ಎಚ್ಚರದ ಮಟ್ಟವನ್ನು ಅಳೆಯುವ ಮಾಪಕವನ್ನು ಪ್ರಕಟಿಸಿದ್ದರು. ಕಣ್ಣು ಹೇಗೆ ತೆರೆಯುತ್ತದೆ, ಮಾತು ಹೇಗಿದೆ, ಕೈಕಾಲು ಹೇಗೆ ಸ್ಪಂದಿಸುತ್ತವೆ ಎಂದು ನೋಡಿ ಅಂಕ ಕೊಡುವ ಆ ವಿಧಾನ 3ರಿಂದ 15ರವರೆಗೆ ಸಾಗುತ್ತದೆ. ಅದು ಬರುವ ಮುಂಚೆ ಒಬ್ಬ ವೈದ್ಯರ ‘ಅರೆಪ್ರಜ್ಞೆ’ ಇನ್ನೊಬ್ಬರ ‘ಮಂಪರು’ ಆಗಿರುತ್ತಿತ್ತು. ಎರಡು ಗಂಟೆಯ ಹಿಂದೆ ಹೇಗಿದ್ದರು, ಈಗ ಹೇಗಿದ್ದಾರೆ ಎಂದು ಹೋಲಿಸಲು ದಾರಿಯಿರಲಿಲ್ಲ. ಒಬ್ಬರು ನೋಡಿದ್ದು ಇನ್ನೊಬ್ಬರಿಗೆ ನಂಬಿಕೆಯಿಂದ ದಾಟಬೇಕಾದರೆ ನೋಟಕ್ಕೊಂದು ಶಿಸ್ತು ಬೇಕೆಂಬುದನ್ನು ಈ ಎರಡೂ ಪ್ರಸಂಗಗಳು ಸಾರುತ್ತವೆ.

ಇನ್ನು ಸಾಕ್ಷ್ಯಕ್ಕೆ ಬರೋಣ. ಸಲಕರಣೆ ಹೆಚ್ಚಿದಷ್ಟೂ ಜೀವ ಉಳಿಯುವುದೂ ಹೆಚ್ಚಬೇಕಲ್ಲವೇ? ಕೆನಡಾದ ಒಂಟಾರಿಯೊ ಪ್ರಾಂತ್ಯ ಇದನ್ನು ದೊಡ್ಡ ಪ್ರಮಾಣದಲ್ಲಿ ಪರೀಕ್ಷಿಸಿ ನೋಡಿತು. ಅಲ್ಲಿನ ಹದಿನೇಳು ನಗರಗಳಲ್ಲಿ ಮೂಲಭೂತ ಸೇವೆ ಮತ್ತು ಬೇಗ ಸಿಗುವ ವಿದ್ಯುತ್ ಆಘಾತ ಚಿಕಿತ್ಸೆ ಮೊದಲೇ ಇದ್ದವು. ಅದರ ಮೇಲೆ ಗಂಟಲಿಗೆ ನಳಿಕೆ ಇಳಿಸುವುದು, ರಕ್ತನಾಳಕ್ಕೆ ಔಷಧ ಕೊಡುವುದು ಮುಂತಾದ ಉನ್ನತ ಚಿಕಿತ್ಸೆಗಳನ್ನು ಸೇರಿಸಿದರು. ಆಸ್ಪತ್ರೆಯ ಹೊರಗೆ ಹೃದಯ ನಿಂತವರಲ್ಲಿ ಬದುಕಿ ಮನೆಗೆ ಮರಳಿದವರ ಪ್ರಮಾಣ ಶೇ. 5.0 ಇದ್ದದ್ದು ಶೇ. 5.1 ಆಯಿತು, ಅಷ್ಟೇ. ಇದು ಪ್ರಕಟವಾದದ್ದು 2004ರಲ್ಲಿ. ತೀವ್ರ ಗಾಯಾಳುಗಳ ಕುರಿತ ಫಲಿತಾಂಶ 2008ರಲ್ಲಿ ಬಂತು. ಒಟ್ಟಾರೆ ಸುಧಾರಣೆ ಕಾಣಲಿಲ್ಲ. ಗ್ಲಾಸ್ಗೋ ಅಂಕ 9ಕ್ಕಿಂತ ಕಡಿಮೆಯಿದ್ದವರಲ್ಲಿ ಬದುಕುಳಿಯುವ ಪ್ರಮಾಣ ಶೇ. 60ರಿಂದ ಸುಮಾರು ಶೇ. 51ಕ್ಕೆ ಇಳಿಯಿತು. ಅದೇ ಅಧ್ಯಯನದ ಇನ್ನೊಂದು ಭಾಗವನ್ನೂ ಹೇಳಬೇಕು: ಉಸಿರಾಟದ ತೊಂದರೆಯಿಂದ ಬಳಲುವವರಲ್ಲಿ ಉನ್ನತ ಸೇವೆಯಿಂದ ಸಾವಿನ ಪ್ರಮಾಣ ಶೇ. 14.3ರಿಂದ 12.4ಕ್ಕೆ ತಗ್ಗಿತು. ಅಂದರೆ ಸಲಕರಣೆ ವ್ಯರ್ಥವೆಂದು ಯಾರೂ ಹೇಳುವಂತಿಲ್ಲ. ಯಾವ ರೋಗಿಗೆ ಅದು ಬೇಕು, ಯಾರಿಗೆ ಅದರಿಂದ ಹೊತ್ತು ಮಾತ್ರ ಹಾಳಾಗುತ್ತದೆ ಎಂದು ಬೇರ್ಪಡಿಸುವ ಕಣ್ಣು ಇದ್ದಾಗಲೇ ಅದರ ಪ್ರಯೋಜನ. ಆ ಕಣ್ಣನ್ನು ಕೊಡುವುದು ತಪಾಸಣೆಯ ಕಲಿಕೆ.

ಬಡ ನಾಡುಗಳ ಸಾಕ್ಷ್ಯ ಇನ್ನೂ ಸ್ಪಷ್ಟವಾಗಿದೆ. ಉತ್ತರ ಇರಾಕ್ ಮತ್ತು ಕಾಂಬೋಡಿಯಾದ ನೆಲಬಾಂಬು ಹೂತಿದ್ದ ಹಳ್ಳಿಗಳಲ್ಲಿ ಗಾಯಾಳುಗಳಿಗೆ ಆಸ್ಪತ್ರೆ ಗಂಟೆಗಟ್ಟಲೆ ದೂರವಿತ್ತು. ನಾರ್ವೆಯ ವೈದ್ಯ ಹಾನ್ಸ್ ಹುಸುಮ್ ಮತ್ತು ಸಂಗಡಿಗರು 1990ರ ದಶಕದ ಕೊನೆಯಲ್ಲಿ ಅಲ್ಲಿನ 135 ಸ್ಥಳೀಯ ಆರೋಗ್ಯ ಕಾರ್ಯಕರ್ತರಿಗೂ ಐದು ಸಾವಿರಕ್ಕೂ ಹೆಚ್ಚು ಸಾಮಾನ್ಯ ಹಳ್ಳಿಗರಿಗೂ ಹಂತಹಂತವಾಗಿ ತರಬೇತಿ ಕೊಟ್ಟರು. ಹೆಲಿಕಾಪ್ಟರ್ ಇರಲಿಲ್ಲ, ದುಬಾರಿ ಯಂತ್ರಗಳಿರಲಿಲ್ಲ. ಉಸಿರಿನ ದಾರಿ ತೆರೆಯುವುದು, ರಕ್ತ ನಿಲ್ಲಿಸುವುದು, ಮೈ ಬೆಚ್ಚಗಿಡುವುದು, ದಾರಿಯುದ್ದಕ್ಕೂ ನೋಡುತ್ತಿರುವುದು ಮುಂತಾದ ಮೂಲಪಾಠಗಳಿದ್ದವು. ತರಬೇತಿಗೆ ಮುಂಚೆ ಶೇ. 40ರಷ್ಟಿದ್ದ ಸಾವಿನ ಪ್ರಮಾಣ ಐದು ವರ್ಷಗಳಲ್ಲಿ ಶೇ. 14.9ಕ್ಕೆ ಇಳಿಯಿತು. ನಮ್ಮ ಪಕ್ಕದ ಮಹಾರಾಷ್ಟ್ರದಲ್ಲೇ ಇನ್ನೊಂದು ದೃಷ್ಟಾಂತವಿದೆ. ಗಡಚಿರೋಲಿಯಲ್ಲಿ ಅಭಯ್ ಬಂಗ್ ಮತ್ತು ರಾಣಿ ಬಂಗ್ ದಂಪತಿ ಹೆಚ್ಚು ಓದಿರದ ಗ್ರಾಮಸ್ಥರಿಗೆ ಮಕ್ಕಳ ಉಸಿರು ಎಣಿಸಿ ನ್ಯುಮೋನಿಯಾ ಗುರುತಿಸುವುದನ್ನು, ಸರಿಯಾದ ಔಷಧ ಕೊಡುವುದನ್ನು ಕಲಿಸಿದರು. 1990ರಲ್ಲಿ ಪ್ರಕಟವಾದ ಅವರ ಅಧ್ಯಯನದ ಪ್ರಕಾರ, ಆ ಊರುಗಳಲ್ಲಿ ನ್ಯುಮೋನಿಯಾದಿಂದ ಸಾಯುವ ಮಕ್ಕಳ ಪ್ರಮಾಣ ತರಬೇತಿಯಿಲ್ಲದ ಊರುಗಳಿಗಿಂತ ಅರ್ಧಕ್ಕೂ ಕೆಳಗಿತ್ತು. ಎರಡು ತಿಂಗಳೊಳಗಿನ ಶಿಶುವಿಗೆ ನಿಮಿಷಕ್ಕೆ 60, ಒಂದು ವರ್ಷದೊಳಗಿನ ಮಗುವಿಗೆ 50, ಐದು ವರ್ಷದೊಳಗಿನ ಮಗುವಿಗೆ 40 — ಈ ಮೂರು ಗೆರೆಗಳನ್ನು ಉಸಿರು ಮುಟ್ಟಿದರೆ ಎಚ್ಚರವಾಗಬೇಕೆಂಬ ಪಾಠವನ್ನು ಇಂದು ವಿಶ್ವ ಆರೋಗ್ಯ ಸಂಸ್ಥೆಯೂ ಕಲಿಸುತ್ತದೆ.

ಇಷ್ಟಾದರೂ ಆಕ್ಷೇಪಗಳಿವೆ, ಅವನ್ನು ಗೌರವದಿಂದಲೇ ಎದುರಿಸಬೇಕು. ಮೊದಲನೆಯದು, ಅರೆಬೆಂದ ಜ್ಞಾನ ಅಪಾಯಕಾರಿ, ಇದನ್ನು ವೈದ್ಯರಿಗೇ ಬಿಡಬೇಕು ಎಂಬುದು. ಅಪಾಯವಿರುವುದು ನಿಜ. ಆದರೆ ಎಲ್ಲಿ ಅದು ಹುಟ್ಟುತ್ತದೆ ಎಂದು ಗಮನಿಸಿ. ಪ್ರಜ್ಞೆ ತಪ್ಪಿದವರ ಬಾಯಿಗೆ ನೀರು ಹಾಕುವುದು, ಫಿಟ್ಸ್ ಬಂದವರ ಕೈಗೆ ಕಬ್ಬಿಣದ ಬೀಗದ ಕೈ ಕೊಡುವುದು, ಬೆನ್ನಿಗೆ ಪೆಟ್ಟಾದವರನ್ನು ಕೈಕಾಲು ಹಿಡಿದೆತ್ತಿ ಆಟೋದಲ್ಲಿ ಮಡಚಿ ಕೂರಿಸುವುದು, ಹಾವು ಕಚ್ಚಿದ ಕಾಲಿಗೆ ಹಗ್ಗ ಬಿಗಿದು ಗಾಯ ಕುಯ್ಯುವುದು — ಇವೆಲ್ಲ ನೋಡುವ ಮೊದಲೇ ಏನಾದರೂ ಮಾಡಿಬಿಡುವ ಆತುರದಿಂದ ಬಂದವು. ತಪಾಸಣೆಯ ಶಿಕ್ಷಣ ಮೊದಲು ಕಲಿಸುವುದು ಆ ಕೈಯನ್ನು ತಡೆಯುವುದನ್ನು. ಹಾವು ಕಡಿತವನ್ನೇ ನೋಡಿ. ನಾಗರ, ಕೊಳಕುಮಂಡಲ ಕಚ್ಚಿದರೆ ನೋವು, ಬಾವು ಕಾಣುವುದುಂಟು. ಕಡಂಬಳ ಅಥವಾ ಕಟ್ಟುಹಾವು ರಾತ್ರಿ ನೆಲದ ಮೇಲೆ ಮಲಗಿದವರನ್ನು ಕಚ್ಚಿದರೆ ಎಷ್ಟೋ ಸಲ ಗಾಯದ ಗುರುತೂ ಇರುವುದಿಲ್ಲ. ಹೊಟ್ಟೆನೋವೆಂದು ಏಳುತ್ತಾರೆ, ಕಣ್ಣುರೆಪ್ಪೆ ಜೋತುಬೀಳತೊಡಗುತ್ತದೆ, ಮಾತು ತೊದಲುತ್ತದೆ, ಕೊನೆಗೆ ಉಸಿರಾಟದ ಸ್ನಾಯುಗಳೇ ಸೋಲುತ್ತವೆ. ಜೋತುಬಿದ್ದ ರೆಪ್ಪೆಯ ಅರ್ಥ ಗೊತ್ತಿರುವ ಆಶಾ ಕಾರ್ಯಕರ್ತೆ ಅದನ್ನು ಗ್ಯಾಸ್ಟ್ರಿಕ್ ಎಂದು ಬಿಟ್ಟುಬಿಡುವುದಿಲ್ಲ. 2000ದಿಂದ 2019ರವರೆಗೆ ಭಾರತದಲ್ಲಿ ಸುಮಾರು ಹನ್ನೆರಡು ಲಕ್ಷ ಜನ ಹಾವು ಕಡಿತದಿಂದ ತೀರಿಕೊಂಡರೆಂದು ಸಂಶೋಧಕರ ಅಂದಾಜು. ವರ್ಷಕ್ಕೆ ಸರಾಸರಿ 58,000. ಕರ್ನಾಟಕ 2024ರಲ್ಲಿ ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣಗಳ ಪಟ್ಟಿಗೆ ಸೇರಿಸಿದ್ದು ಒಳ್ಳೆಯ ಹೆಜ್ಜೆ. ಆದರೆ ವರದಿ ಮಾಡಲು ಮೊದಲು ಗುರುತಿಸಬೇಕು.

ಎರಡನೆಯ ಆಕ್ಷೇಪ ವೇಗದ್ದು. ರಸ್ತೆಯಲ್ಲಿ ನಿಂತು ನೋಡುತ್ತಾ ಕೂತರೆ ಹೊತ್ತು ಹೋಗುತ್ತದೆ, ಎತ್ತಿ ಹಾಕಿಕೊಂಡು ಹೊರಡುವುದೇ ಮೇಲು ಎನ್ನುವವರಿದ್ದಾರೆ. ಹೊಟ್ಟೆಯೊಳಗೆ ರಕ್ತ ಸೋರುತ್ತಿರುವವರ ಮಟ್ಟಿಗೆ ಈ ಮಾತು ಸರಿ. ಅವರಿಗೆ ಬೇಕಾದದ್ದು ಶಸ್ತ್ರಚಿಕಿತ್ಸಕರ ಕೈ, ರಸ್ತೆಬದಿಯಲ್ಲಿ ಯಾರೂ ಅದನ್ನು ಕೊಡಲಾರರು. ಅದಕ್ಕಾಗಿಯೇ ಗಂಭೀರ ಗಾಯಾಳುವಿನೊಂದಿಗೆ ಸ್ಥಳದಲ್ಲಿ ಹತ್ತು ನಿಮಿಷ ಮೀರಬಾರದೆಂದು ಈ ಶಿಕ್ಷಣವೇ ಹೇಳುತ್ತದೆ. ಆದರೆ ಒಳಗೆ ರಕ್ತ ಸೋರುತ್ತಿದೆಯೆಂದು ತಿಳಿಯುವುದು ಹೇಗೆ? ಮೊದಲ ತಪಾಸಣೆ ಅಭ್ಯಾಸವಾದವರಿಗೆ ಒಂದೆರಡು ನಿಮಿಷದ ಕೆಲಸ; ಓಡಬೇಕೇ ಬೇಡವೇ, ಓಡಿದರೆ ಯಾವ ಆಸ್ಪತ್ರೆಗೆ ಎಂಬ ತೀರ್ಮಾನ ಅಲ್ಲಿಂದ ಬರುತ್ತದೆ. ಸಿ.ಟಿ. ಸ್ಕ್ಯಾನ್ ಇಲ್ಲದ, ಶಸ್ತ್ರಚಿಕಿತ್ಸಕರಿಲ್ಲದ ಆಸ್ಪತ್ರೆಗೆ ಹತ್ತು ನಿಮಿಷದಲ್ಲಿ ತಲುಪಿ, ಅಲ್ಲಿಂದ ಇನ್ನೊಂದಕ್ಕೆ, ಇನ್ನೊಂದರಿಂದ ಮತ್ತೊಂದಕ್ಕೆ ಅಲೆದರೆ ಆ ವೇಗದಿಂದ ಗಳಿಸಿದ್ದೆಲ್ಲ ಕಳೆದುಹೋಗುತ್ತದೆ. ಅಪಘಾತದ ನಂತರದ ಒಂದು ಗಂಟೆಯನ್ನು ಸುವರ್ಣ ಗಂಟೆ ಎನ್ನುತ್ತೇವೆ. ಬಾಲ್ಟಿಮೋರಿನ ಶಸ್ತ್ರವೈದ್ಯ ಆಡಮ್ಸ್ ಕೌಲಿ ಅವರಿಂದ ಹೆಸರಾದ ಮಾತು ಅದು. ಸರಿಯಾಗಿ ಅರುವತ್ತು ನಿಮಿಷಕ್ಕೆ ಗೆರೆ ಎಳೆಯಲು ಗಟ್ಟಿ ಆಧಾರ ಸಿಗದಿದ್ದರೂ ತಡವಾದಷ್ಟೂ ಕೇಡು ಎಂಬ ಅದರ ಆಶಯ ಸತ್ಯ. ಕಾರವಾರ, ಹೊನ್ನಾವರ, ಶಿರಸಿಯ ಗಾಯಾಳು ಎಷ್ಟೋ ಸಲ ಮಣಿಪಾಲಕ್ಕೋ ಮಂಗಳೂರಿಗೋ ಹುಬ್ಬಳ್ಳಿಗೋ ಗೋವೆಗೋ ಹೋಗಬೇಕು. ಅಂಥ ದಾರಿಯಲ್ಲಿ ಅಮೂಲ್ಯವಾದ ಆ ಸಮಯವೆಲ್ಲ ವಾಹನದೊಳಗೇ ಕಳೆಯುತ್ತದೆ. ಸ್ಥಿತಿ ಸೂಕ್ಷ್ಮವಾಗಿದ್ದರೆ ಐದು ನಿಮಿಷಕ್ಕೊಮ್ಮೆ, ಸ್ಥಿರವಾಗಿದ್ದರೆ ಹದಿನೈದು ನಿಮಿಷಕ್ಕೊಮ್ಮೆ ಮೊದಲಿನಿಂದ ಮತ್ತೆ ನೋಡಬೇಕೆಂಬ ನಿಯಮ ಇರುವುದು ಇಂಥ ದೂರಗಳಿಗಾಗಿಯೇ.

ಮೂರನೆಯ ಆಕ್ಷೇಪ ಯಂತ್ರಗಳನ್ನು ನಂಬುವವರದು. ಬೆರಳಿಗೆ ಸಿಕ್ಕಿಸಿದರೆ ಅಂಕಿ ತೋರಿಸುವ ಸಲಕರಣೆ ಇರುವಾಗ ಕಣ್ಣು, ಕಿವಿ, ಕೈಗಳ ಈ ಹಳೆಯ ದಾರಿ ಏಕೆ ಎಂದು ಅವರು ಕೇಳುತ್ತಾರೆ. ಕೋವಿಡ್ ಕಾಲದಲ್ಲಿ ಪಲ್ಸ್ ಆಕ್ಸಿಮೀಟರ್ ಮನೆಮನೆಗೂ ಬಂತು; ಹೊರಗೆ ಚೆನ್ನಾಗಿಯೇ ಕಾಣುತ್ತಿದ್ದವರ ಆಮ್ಲಜನಕ ಕುಸಿದಿರುವುದನ್ನು ತೋರಿಸಿ ಅದು ಎಷ್ಟೋ ಜನರನ್ನು ಬದುಕಿಸಿತು. ಆ ಉಪಕಾರವನ್ನು ಮರೆಯಬಾರದು. ಅದೇ ಸಲಕರಣೆಯ ಮಿತಿಗಳನ್ನೂ ಅರಿತಿರಬೇಕು. ಮುಚ್ಚಿದ ಕೋಣೆಯ ಹೊಗೆಯಲ್ಲಿ ಕಾರ್ಬನ್ ಮಾನಾಕ್ಸೈಡ್ ಕುಡಿದವರಿಗೆ ಅದು ಎಲ್ಲ ಸರಿಯಿದೆ ಎಂಬಂಥ ಅಂಕಿ ತೋರಿಸಬಹುದು. ರಕ್ತ ಕಡಿಮೆಯಾಗಿ ಬೆರಳು ತಣ್ಣಗಾದಾಗ ಅಂಕಿಯನ್ನು ನಂಬಲಾಗದು. 2020ರಲ್ಲಿ ಅಮೆರಿಕದ ಸಂಶೋಧಕರು ಪ್ರಕಟಿಸಿದ ಅಧ್ಯಯನದಲ್ಲಿ, ರಕ್ತದಲ್ಲಿ ಆಮ್ಲಜನಕ ಕುಸಿದಿದ್ದರೂ ಯಂತ್ರ ಅದನ್ನು ತೋರಿಸದೆ ಹೋದ ಪ್ರಸಂಗಗಳು ಬಿಳಿಯರಿಗಿಂತ ಕಪ್ಪುಜನರಲ್ಲಿ ಸುಮಾರು ಮೂರು ಪಟ್ಟು ಹೆಚ್ಚಿದ್ದವು. ನಾನಾ ಮೈಬಣ್ಣದ ನಮ್ಮ ಜನರ ಮಟ್ಟಿಗೆ ಇದು ಕಡೆಗಣಿಸುವ ಸಂಗತಿಯಲ್ಲ. ಕೀಟನಾಶಕ ಸೇವಿಸಿದ ರೈತನ ಸೂಜಿಮೊನೆಯಷ್ಟು ಕಿರಿದಾದ ಕಣ್ಣಿನ ಪಾಪೆ, ಸುರಿಯುವ ಜೊಲ್ಲು, ಬೆವರು, ಬಟ್ಟೆಯ ವಾಸನೆ ಇವು ಒಟ್ಟಾಗಿ ಹೇಳುವುದನ್ನು ಬೆರಳಿಗೆ ಸಿಕ್ಕಿಸುವ ಯಂತ್ರ ಹೇಳುವುದಿಲ್ಲ. ಅಂಕಿಯೂ ರೋಗಿಯೂ ಬೇರೆ ಬೇರೆ ಹೇಳುತ್ತಿದ್ದರೆ ಏನು ಮಾಡಬೇಕೆಂದು ತೀರ್ಮಾನಿಸುವುದು ಕಲಿತ ಮನುಷ್ಯರೇ.

ನಾಲ್ಕನೆಯ ಆಕ್ಷೇಪ ಅನುಭವಿಗಳಿಂದ ಬರುತ್ತದೆ. ವರ್ಷಾನುಗಟ್ಟಲೆ ರೋಗಿಗಳನ್ನು ನೋಡಿದವರಿಗೆ ಬಾಗಿಲಲ್ಲೇ ತಿಳಿಯುತ್ತದೆ, ಅಕ್ಷರಮಾಲೆ ಹಿಡಿದು ನಡೆಯುವುದು ಯಾಂತ್ರಿಕ ಎನ್ನುತ್ತಾರೆ ಅವರು. ಅನುಭವದ ಕಣ್ಣಿಗೆ ಬೆಲೆಯಿದೆ. ಆದರೆ ಮೊದಲ ನೋಟಕ್ಕೆ ಹೊಳೆದದ್ದನ್ನೇ ಹಿಡಿದುಕೂರುವ ಸ್ವಭಾವ ಅನುಭವಿಗಳಿಗೂ ಇರುತ್ತದೆ. ರಸ್ತೆಬದಿ ತೂರಾಡುತ್ತಾ ತೊದಲುವವನನ್ನು ಕುಡುಕನೆಂದು ಎಲ್ಲರೂ ದಾಟಿಹೋಗುತ್ತಾರೆ. ಅವನು ಶುಗರ್ ಕುಸಿದ ಮಧುಮೇಹಿ ಇರಬಹುದು, ತಲೆಯೊಳಗೆ ರಕ್ತ ಹೆಪ್ಪುಗಟ್ಟಿದವನಿರಬಹುದು, ಕುಡಿದದ್ದೂ ಬಿದ್ದು ಪೆಟ್ಟಾದದ್ದೂ ಎರಡೂ ಇರಬಹುದು. ಎಚ್ಚರ ತಪ್ಪಿದ ಪ್ರತಿಯೊಬ್ಬರಿಗೂ ಶುಗರ್ ನೋಡಲೇಬೇಕೆಂಬ ನಿಯಮ ಆ ಪೂರ್ವಗ್ರಹದಿಂದ ರೋಗಿಯನ್ನು ಕಾಯುತ್ತದೆ. ಹೃದಯಾಘಾತದಲ್ಲೂ ಹೀಗೆಯೇ. ಎದೆ ಹಿಡಿದುಕೊಂಡು ಬೀಳುವ ಗಂಡಸಿನ ಚಿತ್ರ ನಮ್ಮ ಮನಸ್ಸಿನಲ್ಲಿ ಅಚ್ಚೊತ್ತಿದೆ. ಮಧುಮೇಹವಿರುವ ಹಿರಿಯ ಮಹಿಳೆ ಎದೆನೋವೇ ಇಲ್ಲದೆ ಸುಸ್ತು, ಬೆವರು, ಏದುಸಿರು ಎನ್ನಬಹುದು. ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆಯಡಿ ತಾಲ್ಲೂಕು ಆಸ್ಪತ್ರೆಯ ಇ.ಸಿ.ಜಿ.ಯನ್ನು ದೊಡ್ಡ ಆಸ್ಪತ್ರೆಯ ತಜ್ಞರು ನೋಡಿ, ಹೆಪ್ಪು ಕರಗಿಸುವ ಚುಚ್ಚುಮದ್ದನ್ನು ಉಚಿತವಾಗಿ ಕೊಡಿಸುವ ಏರ್ಪಾಡು ನಮ್ಮಲ್ಲಿದೆ. ಆ ಸರಪಳಿ ಕೆಲಸ ಮಾಡಬೇಕಾದರೆ ಆ ತಾಯಿಗೆ ಇ.ಸಿ.ಜಿ. ಮಾಡಿಸಬೇಕೆಂದು ಮೊದಲು ಯಾರಿಗಾದರೂ ಹೊಳೆಯಬೇಕು. ಕ್ರಮವು ಅನುಭವವನ್ನು ಕಟ್ಟಿಹಾಕುವುದಿಲ್ಲ, ಅನುಭವಕ್ಕೆ ಕಾಣದೆ ಉಳಿದ ಮೂಲೆಗಳನ್ನು ತೋರಿಸುತ್ತದೆ.

ಹಾಗಾದರೆ ನಾವು ಎಲ್ಲಿದ್ದೇವೆ? ಕರ್ನಾಟಕದಲ್ಲಿ ಆರೋಗ್ಯ ಕವಚ 108 ಸೇವೆ 2008ರ ನವೆಂಬರ್ 1ರಂದು, ರಾಜ್ಯೋತ್ಸವದ ದಿನ, ಶುರುವಾಯಿತು. ತುರ್ತು ವೈದ್ಯಶಾಸ್ತ್ರಕ್ಕೆ ಭಾರತೀಯ ವೈದ್ಯಕೀಯ ಮಂಡಳಿ ಪ್ರತ್ಯೇಕ ವಿಷಯವೆಂಬ ಮಾನ್ಯತೆ ಕೊಟ್ಟದ್ದು 2009ರಲ್ಲಿ. 2021ರ ಕೇಂದ್ರ ಕಾಯ್ದೆ ತುರ್ತು ವೈದ್ಯಕೀಯ ತಂತ್ರಜ್ಞರನ್ನು ಆರೋಗ್ಯ ವೃತ್ತಿನಿರತರ ಪಟ್ಟಿಗೆ ಸೇರಿಸಿತು. ನೆರವಾಗಲು ಬಂದ ದಾರಿಹೋಕರನ್ನು ಪೊಲೀಸು, ಕೋರ್ಟು ಎಂದು ಅಲೆಸಬಾರದೆಂಬ ಸುಪ್ರೀಂ ಕೋರ್ಟಿನ ನಿರ್ದೇಶನ 2016ರಲ್ಲಿ ಬಂತು. ಕರ್ನಾಟಕ ಅದೇ ವರ್ಷ ತನ್ನದೇ ಕಾಯ್ದೆ ರೂಪಿಸಿತು. 2019ರ ಮೋಟಾರು ವಾಹನ ತಿದ್ದುಪಡಿ ಕಾಯ್ದೆಯೂ ಆ ರಕ್ಷಣೆಯನ್ನು ಸೇರಿಸಿಕೊಂಡಿತು. ಗಾಯಾಳುವನ್ನು ಯಾವ ವೈದ್ಯರೂ ವಾಪಸು ಕಳಿಸುವಂತಿಲ್ಲ ಎಂದು ಪರಮಾನಂದ ಕಟಾರಾ ಪ್ರಕರಣದಲ್ಲಿ 1989ರಲ್ಲೇ ತೀರ್ಪಾಗಿದೆ. ವಾಹನವಿದೆ, ದೂರವಾಣಿ ಸಂಖ್ಯೆಯಿದೆ, ಕಾನೂನಿದೆ. ಆದರೂ ಕೇಂದ್ರ ಸರ್ಕಾರದ ಲೆಕ್ಕದಂತೆ 2022ರಲ್ಲಿ ದೇಶದ ರಸ್ತೆಗಳಲ್ಲಿ 1,68,491 ಮಂದಿ ಸತ್ತರು. ಇವರೆಲ್ಲರನ್ನೂ ಉಳಿಸಬಹುದಿತ್ತೆಂದು ಯಾರೂ ಹೇಳಲಾರರು. ಅಪಘಾತ ತಡೆಯುವುದೇ ಮೊದಲ ಔಷಧ. ಆದರೆ ಬಿದ್ದ ಮೇಲೆ ಉಸಿರಿನ ದಾರಿ ಮುಚ್ಚಿ, ಹೊರಗೆ ಕಾಣುವ ರಕ್ತ ಸೋರಿ ಸತ್ತವರ ಸಾವು ತಡೆಯಬಹುದಾದದ್ದು. ಅಲ್ಲಿ ಬೇಕಾದದ್ದು ಕಲಿತ ಕೈ, ಕಲಿತ ಕಣ್ಣು.

ಈ ಕಲಿಕೆ ಹೇಗಿರಬೇಕು ಎಂಬುದಕ್ಕೂ ಮಾದರಿಗಳಿವೆ. 1967ರಲ್ಲಿ ಅಮೆರಿಕದ ಪಿಟ್ಸ್‌ಬರ್ಗ್ ನಗರದ ಬಡ ಬಡಾವಣೆಯೊಂದರ ನಿರುದ್ಯೋಗಿ ಕಪ್ಪುಜನರನ್ನು ಸೇರಿಸಿ ಫ್ರೀಡಂ ಹೌಸ್ ಎಂಬ ಆಂಬುಲೆನ್ಸ್ ಸೇವೆ ಕಟ್ಟಿದರು. ಬಾಯಿಗೆ ಬಾಯಿಟ್ಟು ಉಸಿರು ಕೊಡುವ ವಿಧಾನವನ್ನು ಬಳಕೆಗೆ ತಂದವರಲ್ಲಿ ಒಬ್ಬರಾದ ಪೀಟರ್ ಸಾಫರ್ ಈ ಸಿಬ್ಬಂದಿಗಾಗಿ ಸುಮಾರು 300 ಗಂಟೆಗಳ ಪಾಠ ರೂಪಿಸಿದರು. ಮುಂದೆ ಆ ದೇಶದ ಪ್ಯಾರಾಮೆಡಿಕ್ ಶಿಕ್ಷಣಕ್ಕೆ ಅಲ್ಲಿನ ಅನುಭವವೇ ಅಡಿಪಾಯವಾಯಿತು. ವಿಶ್ವ ಆರೋಗ್ಯ ಸಂಸ್ಥೆ ರೆಡ್ ಕ್ರಾಸ್ ಜೊತೆ ಸೇರಿ 2018ರಲ್ಲಿ ಹೊರತಂದ ಮೂಲಭೂತ ತುರ್ತು ಸೇವೆಯ ಪಠ್ಯ ಕೇವಲ ಐದು ದಿನಗಳದು. ಗಾಯ, ಉಸಿರಾಟದ ತೊಂದರೆ, ಶಾಕ್, ಎಚ್ಚರ ತಪ್ಪುವಿಕೆ ಎಂಬ ನಾಲ್ಕು ಸಂದರ್ಭಗಳ ಸುತ್ತ ಅದನ್ನು ಹೆಣೆದಿದ್ದಾರೆ. ಘಾನಾ ದೇಶದಲ್ಲಿ 335 ಬಾಡಿಗೆ ವಾಹನ ಚಾಲಕರಿಗೆ ಆರು ಗಂಟೆಯ ತರಬೇತಿ ಕೊಟ್ಟಾಗ, ಅವರಲ್ಲಿ ಮರುಸಂಪರ್ಕಿಸಲಾದವರ ಪೈಕಿ ಅರ್ಧಕ್ಕೂ ಹೆಚ್ಚು ಮಂದಿ ಆಮೇಲೆ ನಿಜವಾದ ಗಾಯಾಳುಗಳಿಗೆ ನೆರವಾಗಿದ್ದರು. ಇವೆಲ್ಲದರಲ್ಲೂ ಸಮಾನವಾದದ್ದು ಕೈಯಿಂದ ಮಾಡಿ ಕಲಿಯುವ ವಿಧಾನ. ಗಂಟಲು, ನಾಡಿ, ಪಾಪೆ ಎಂದು ಪರೀಕ್ಷೆಯಲ್ಲಿ ಐದು ಅಂಕಕ್ಕೆ ಬರೆದವರು ರಾತ್ರಿ ಮಳೆಯಲ್ಲಿ, ಅಳುವ ಬಂಧುಗಳ ನಡುವೆ ಅದನ್ನೇ ಮಾಡಬಲ್ಲರೆಂಬ ಭರವಸೆ ಇಲ್ಲ. ಒಬ್ಬರು ರೋಗಿಯಂತೆ ಮಲಗಿ, ಇನ್ನೊಬ್ಬರು ಗಡಿಯಾರ ಹಿಡಿದು, ಮೂರನೆಯವರು ತಪ್ಪು ಗುರುತಿಸುತ್ತಾ, ಕೈ ತಾನಾಗಿ ನಡೆಯುವವರೆಗೆ ಅಭ್ಯಾಸ ಮಾಡಬೇಕು. ಕೆಲವು ತಿಂಗಳಿಗೊಮ್ಮೆ ಮತ್ತೆ ಮಾಡಬೇಕು, ಏಕೆಂದರೆ ಬಳಸದ ಕೌಶಲ ಮಾಸುತ್ತದೆ.

ನಮ್ಮ ರಾಜ್ಯದಲ್ಲಿ ಇದಕ್ಕಾಗಿ ಮೂರು ಕೆಲಸಗಳಾಗಬೇಕು. ಮೊದಲನೆಯದು, ಈ ಪಾಠ ಕನ್ನಡದಲ್ಲಿ ಸಿದ್ಧವಾಗಬೇಕು. ರೋಗಿಯ ಕಥೆ ಕೇಳುವುದು ತಪಾಸಣೆಯ ಅರ್ಧಭಾಗ: ಏನಾಗುತ್ತಿದೆ, ಯಾವ ಔಷಧ ಮೈಗಾಗುವುದಿಲ್ಲ, ಯಾವ ಮಾತ್ರೆ ನುಂಗುತ್ತಾರೆ, ಹಿಂದಿನ ಕಾಯಿಲೆ ಯಾವುದು, ಕೊನೆಗೆ ಊಟ ಮಾಡಿದ್ದು ಯಾವಾಗ, ಇದೆಲ್ಲ ಹೇಗೆ ಶುರುವಾಯಿತು. ಈ ಪ್ರಶ್ನೆಗಳನ್ನು ಇಂಗ್ಲಿಷಿನಲ್ಲಿ ಬಾಯಿಪಾಠ ಮಾಡಿದವರು ಸಿಂಧನೂರಿನ ಅಜ್ಜಿಯ ಮುಂದೆ ತಡವರಿಸುತ್ತಾರೆ. ಎರಡನೆಯದು, ಆಂಬುಲೆನ್ಸ್ ಸಿಬ್ಬಂದಿ ಒಪ್ಪಿಸಿದ ರೋಗಿ ಮುಂದೆ ಏನಾದರು, ತಾವು ಕಂಡದ್ದು ಸರಿಯಿತ್ತೇ ಎಂಬುದು ಆಸ್ಪತ್ರೆಯಿಂದ ಅವರಿಗೆ ಮರಳಿ ತಿಳಿಯಬೇಕು. ಫಲ ಗೊತ್ತಾಗದ ಕೆಲಸದಲ್ಲಿ ಯಾರೂ ಬೆಳೆಯಲಾರರು. ದಾರಿಯಲ್ಲಿ ಕಂಡದ್ದನ್ನು ಅವರು ಹೇಳುವಾಗ ಕ್ಯಾಶುವಲ್ಟಿಯ ವೈದ್ಯರೂ ದಾದಿಯರೂ ಅರ್ಧ ನಿಮಿಷ ಕೈಬಿಡುವು ಮಾಡಿಕೊಂಡು ಕೇಳಿಸಿಕೊಳ್ಳಬೇಕು. ಮೂರನೆಯದು, ಇದರ ಸರಳ ರೂಪ ಆಶಾ ಕಾರ್ಯಕರ್ತೆಯರಿಗೆ, ಬಸ್ಸಿನ ಚಾಲಕ ನಿರ್ವಾಹಕರಿಗೆ, ಹೆದ್ದಾರಿ ಬದಿಯ ಅಂಗಡಿಯವರಿಗೆ, ಹೈಸ್ಕೂಲಿನ ಮಕ್ಕಳಿಗೆ ತಲುಪಬೇಕು. ಇದಕ್ಕೆ ಹಣ ಎಲ್ಲಿಂದ ಎಂದು ಕೇಳಬಹುದು. ಒಂದು ಹೊಸ ವಾಹನದ ಬೆಲೆಯಲ್ಲಿ ಎಷ್ಟೋ ಮಂದಿಗೆ ತರಬೇತಿ ಕೊಡಬಹುದು. ವಾಹನ ಹಳತಾಗುತ್ತದೆ, ಕಲಿತವರು ಇನ್ನೊಬ್ಬರಿಗೆ ಕಲಿಸುತ್ತಾರೆ.

ಕೇಳುಗರೇ, ಈ ವಿದ್ಯೆಯ ಮೊದಲ ಪಾಠ ಇಂದೇ ನಿಮ್ಮ ಕೈಲಿರಲಿ. ಯಾರಾದರೂ ಕುಸಿದರೆ ಸುತ್ತಲಿನ ಅಪಾಯ ನೋಡಿಕೊಂಡು ಹತ್ತಿರ ಹೋಗಿ, ಮಾತನಾಡಿಸಿ. ಉತ್ತರ ಬಂದರೆ ಗಂಟಲಿನ ದಾರಿ ಸದ್ಯಕ್ಕೆ ತೆರೆದಿದೆ. ಉತ್ತರ ಬಾರದಿದ್ದರೆ 108ಕ್ಕೆ ಕರೆ ಮಾಡಿಸಿ, ಎದೆ ಏಳುತ್ತಿದೆಯೇ ಎಂದು ಹತ್ತು ಸೆಕೆಂಡ್ ನೋಡಿ. ಸಹಜ ಉಸಿರಿಲ್ಲದಿದ್ದರೆ ಎದೆಯ ನಡುಭಾಗವನ್ನು ನಿಮಿಷಕ್ಕೆ ನೂರರಿಂದ ನೂರಿಪ್ಪತ್ತು ಸಲ ಗಟ್ಟಿಯಾಗಿ ಒತ್ತುತ್ತಿರಿ. ಉಸಿರಿದ್ದು ಎಚ್ಚರವಿಲ್ಲದಿದ್ದರೆ, ಬೆನ್ನು ಕುತ್ತಿಗೆಗೆ ಪೆಟ್ಟಾದ ಸಂಶಯವಿಲ್ಲವಾದರೆ, ಮಗ್ಗುಲಿಗೆ ಮಲಗಿಸಿ. ರಕ್ತ ಹರಿಯುತ್ತಿದ್ದರೆ ಬಟ್ಟೆಯಿಟ್ಟು ಒತ್ತಿ ಹಿಡಿದು ಬಿಡದಿರಿ. ಬಾಯಿಗೆ ಏನನ್ನೂ ಹಾಕಬೇಡಿ. ಆಂಬುಲೆನ್ಸ್ ಬಂದಾಗ ನೀವು ಕಂಡದ್ದನ್ನು ಕಂಡ ಹೊತ್ತಿನ ಸಮೇತ ಹೇಳಿ. ಇಷ್ಟು ಮಾಡಿದವರು ಚಿಕಿತ್ಸೆಯ ಮೊದಲ ಕೊಂಡಿಯಾದರು. ಉಳಿದದ್ದನ್ನು ಕಲಿಸಿರೆಂದು ನಿಮ್ಮ ತಾಲ್ಲೂಕು ಆಸ್ಪತ್ರೆಯನ್ನು, ನಿಮ್ಮ ಶಾಲೆಯನ್ನು, ನಿಮ್ಮ ಗ್ರಾಮ ಪಂಚಾಯಿತಿಯನ್ನು ಕೇಳಿ. ಊರಿಗೊಂದು ಆಂಬುಲೆನ್ಸ್ ಬೇಕೆಂದು ಮನವಿ ಬರೆಯುವಾಗ ಅದರಲ್ಲಿ ಇನ್ನೊಂದು ಸಾಲು ಸೇರಿಸಿ: ಈ ವಾಹನದಲ್ಲಿ ಕೂರುವವರಿಗೆ ಏನನ್ನು ಕಲಿಸಿದ್ದೀರಿ, ಕಳೆದ ಸಲ ಅವರ ಕೈಯ ಅಭ್ಯಾಸವನ್ನು ಪರೀಕ್ಷಿಸಿದ್ದು ಯಾವಾಗ? ಈ ಪ್ರಶ್ನೆಯನ್ನು ಜನ ಕೇಳತೊಡಗಿದರೆ ಆಡಳಿತ ಉತ್ತರ ಹುಡುಕಲೇಬೇಕಾಗುತ್ತದೆ.